ಚಿಪ್ಪಿನಲ್ಲಿ ಕಾಫಿ

ದೇವರಮನೆ ಬೆಟ್ಟದ ದಾರಿಯ ಹೋಂಸ್ಟೇಯಲ್ಲಿ ಮೊನ್ನೆ ನನ್ನ ಮುಂದೆ ಕಾಫಿ ಬಂತು, ಪಾಲಿಶ್ ಮಾಡಿದ ತೆಂಗಿನ ಚಿಪ್ಪಿನಲ್ಲಿ. ಪಕ್ಕದ ಮೇಜಿನವರು ಅದರ ಫೋಟೋ ತೆಗೆಯುತ್ತಿದ್ದರು. ನನಗೆ ಜಾವಳಿ ಊರಿನ ದೊಡ್ಡಮ್ಮ ನೆನಪಾದರು.

ದೊಡ್ಡಮ್ಮ ಕಾದಂಬರಿ ಬರೆಯುತ್ತಿದ್ದುದು ಕಾಫಿ ಒಣಗಿಸುವ ಕಣದಲ್ಲಿ. ಕುಕ್ಕೆ ಬೋರಲು ಹಾಕಿ ಕೂತು, ಹಾಳೆಗಳ ಮೇಲೆ ಕಲ್ಲಿಟ್ಟು, ನಡುನಡುವೆ ಎದ್ದು ಬೀಜದ ಮೇಲೆ ಕೈಯಾಡಿಸಿ ಬರುತ್ತಿದ್ದರು. ಬರೆದದ್ದನ್ನು ಕಾಫಿ ಕುಯ್ಯುವ ಹೆಂಗಸರಿಗೆ ನನ್ನಿಂದ ಗಟ್ಟಿಯಾಗಿ ಓದಿಸುತ್ತಿದ್ದರು. ಅದರಲ್ಲಿ ಬೆಟ್ಟದ ಚೆಲುವು ಕಡಿಮೆ, ಆ ಹೆಂಗಸರ ಬದುಕೇ ಜಾಸ್ತಿ.

ಸುದ್ದಿ ಹಬ್ಬಿತು. ಪಕ್ಕದ ಎಸ್ಟೇಟಿನ ಸಾಹುಕಾರರು ಜೀಪಿನಿಂದ ಇಳಿದವರೇ ಸಿಡುಕಿದರು: "ಆಳುಗಳು ಲೋಟ ಮುಟ್ಟಬಾರ್ದು ಅಂತ ಹಿತ್ತಲಲ್ಲಿ ಚಿಪ್ಪಿಗೆ ಕಾಫಿ ಹೊಯ್ಯೋ ಮನೆ ಕಥೆ ಬರ್ದಿದ್ದೀರಂತೆ. ನಮ್ಮ ಮರ್ಯಾದೆ ಹೋಯ್ತು. ಆ ಭಾಗ ತೆಗೆದುಹಾಕಿ."

"ನಿಮ್ಮ ಮನೆ ಅಂತ ನಾನು ಬರ್ದಿಲ್ಲ. ನೀವೇ ಗುರುತು ಹಿಡಿದ್ರಿ. ಕೂತ್ಕೊಳ್ಳಿ, ಕಾಫಿ ಕುಡ್ಕೊಂಡು ಹೋಗಿ."

ದೊಡ್ಡಮ್ಮ ಒಳಗಿನಿಂದ ಕಾಫಿ ತುಂಬಿದ ಎರಡು ಚಿಪ್ಪು ತಂದರು. ಒಂದನ್ನು ಅವರ ಮುಂದಿಟ್ಟು, ಇನ್ನೊಂದರಲ್ಲಿ ತಾವೇ ನಿಧಾನವಾಗಿ ಕುಡಿದರು. ಸಾಹುಕಾರರು ಮುಖ ಕೆಂಪಗೆ ಮಾಡಿಕೊಂಡು ಜೀಪು ಹತ್ತಿದರು. ಕಾದಂಬರಿಯಿಂದ ಒಂದಕ್ಷರವೂ ಹೋಗಲಿಲ್ಲ.

"ಫೋಟೋ ಬೇಡ್ವಾ ಮೇಡಂ? ಇದು ನಮ್ಮ ಹಳೇ ಸಂಪ್ರದಾಯ" ಎಂದ ಹೋಂಸ್ಟೇ ಮಾಲೀಕ, ಗೋಡೆಯ ಬೋರ್ಡು ತೋರಿಸುತ್ತಾ. ಅವನು ಕುಡಿಯಲು ಹೊರಟಿದ್ದ ಕಾಫಿ ಪಿಂಗಾಣಿ ಕಪ್ಪಿನಲ್ಲಿತ್ತು.

"ಗೊತ್ತು ಮಾರಾಯ. ಯಾರಿಗೆ ಕೊಡ್ತಿದ್ರು ಅನ್ನೋದನ್ನೂ ಬೋರ್ಡಲ್ಲಿ ಬರ್ಸು" ಎಂದೆ. ಚಿಪ್ಪನ್ನು ಅವನ ಮುಂದಕ್ಕೆ ಸರಿಸಿ, ಅವನ ಕೈಯಲ್ಲಿದ್ದ ಕಪ್ಪನ್ನು ಇಸಿದುಕೊಂಡೆ.