ಕೆಳಗೆ ಅಮ್ಮನ ಬೀದಿಯಿತ್ತು

ಮೊನ್ನೆ ಮೊಮ್ಮಗನಿಗೆ ಶೀತವೆಂದು ಸೊಸೆ ತೆಂಗಿನೆಣ್ಣೆಗೆ ಕರ್ಪೂರ ಹಾಕಿ ಬಿಸಿ ಮಾಡಿದಳು. ಆ ವಾಸನೆ ಮೂಗಿಗೆ ಬಡಿದದ್ದೇ ಒಮಾನಿನ ರುಸೈಲಿನಲ್ಲಿದ್ದ ನಮ್ಮ ಆಫೀಸು, ಅಲ್ಲಿ ಏಸಿಯ ಚಳಿಗೆ ಕೈ ಉಜ್ಜಿಕೊಳ್ಳುತ್ತಿದ್ದ ಫ್ರೆಂಚ್ ಸಾಹೇಬರು ನೆನಪಾದರು...

ಎಂಬತ್ತರ ದಶಕದಲ್ಲಿ ನಾನು ಒಮಾನಿನ ತೈಲ ಶೋಧನೆಯ ಕಂಪನಿಯೊಂದರಲ್ಲಿ ಕ್ಲಾರ್ಕನಾಗಿದ್ದೆ. ಮರುಭೂಮಿಯ ಕ್ಯಾಂಪುಗಳಿಗೆ ಹೋಗಿಬರುವ ಸಣ್ಣ ವಿಮಾನಗಳ ಉಸ್ತುವಾರಿ ಸಾಹೇಬರದು. ವಯಸ್ಸು ಅರವತ್ತು ದಾಟಿತ್ತು. ಎರಡೂ ಕೈಗಳ ಚರ್ಮ ಸುಟ್ಟು ಬಿಗಿದು, ಬೆರಳುಗಳು ಪೂರ್ತಿ ಮಡಚುತ್ತಿರಲಿಲ್ಲ. "ಪಾಪ, ಈ ಎಣ್ಣೆ ಹಚ್ಲಿಕ್ಕೆ ಹೇಳಿ ಮಾರಾಯ್ರೆ" ಎಂದು ನನ್ನ ಹೆಂಡತಿ ಇದೇ ಕರ್ಪೂರದೆಣ್ಣೆಯನ್ನು ಸೀಸೆಗೆ ತುಂಬಿಸಿ ಕೊಟ್ಟಿದ್ದಳು.

ಎಣ್ಣೆ ಹಚ್ಚಿಕೊಳ್ಳುತ್ತಲೇ ಒಂದು ಮಧ್ಯಾಹ್ನ ತಮ್ಮ ಕಥೆ ಹೇಳಿದರು. ಜರ್ಮನರು ಫ್ರಾನ್ಸನ್ನು ಹಿಡಿದಾಗ, ತಾಯಿಗೂ ಹೇಳದೆ, ಮೀನಿನ ದೋಣಿಯಲ್ಲಿ ಅಡಗಿ ಇಂಗ್ಲೆಂಡ್ ಸೇರಿದವರು ಅವರು. ಅಲ್ಲಿ ಯುದ್ಧವಿಮಾನ ಹಾರಿಸಿದರು, ಶತ್ರುಗಳ ವಿಮಾನಗಳನ್ನು ಉರುಳಿಸಿದರು, ಪದಕ ಪಡೆದರು. ಒಮ್ಮೆ ತಮ್ಮದೇ ವಿಮಾನಕ್ಕೆ ಬೆಂಕಿ ಹತ್ತಿ, ಪ್ಯಾರಾಚೂಟಿನಲ್ಲಿ ಸಮುದ್ರಕ್ಕೆ ಬಿದ್ದರು. ಕೈ ಸುಟ್ಟದ್ದು ಆಗಲೇ. ಗಾಯ ಮಾಗಿದ ಮೇಲೆ ಮತ್ತೆ ಹಾರಿದರು.

"ಅದೆಲ್ಲ ಸುಲಭ. ಒಂದು ದಿನ ಮಾತ್ರ..." ಎಂದು ಎಣ್ಣೆ ಸೀಸೆಯ ಬಿರಡೆ ಮುಚ್ಚಿದರು.

ಆ ದಿನ ಇಂಗ್ಲಿಷರು ಬಾಂಬರ್ ವಿಮಾನಗಳನ್ನು ಕಳಿಸಿದ್ದು ಜರ್ಮನರು ಹಿಡಿದಿದ್ದ ಅವರ ಸ್ವಂತ ಊರಿನ ಬಂದರಿಗೆ. ಅವುಗಳಿಗೆ ಕಾವಲಾಗಿ ಹೋದವರಲ್ಲಿ ಇವರೂ ಒಬ್ಬರು.

"ನನ್ನ ಕೆಲಸ ಆಕಾಶ ನೋಡೋದು, ಶತ್ರು ಬರ್ತಾನಾ ಅಂತ. ಕೆಳಗೆ ಅಮ್ಮನ ಬೀದಿಯಿತ್ತು. ಹೊಗೆ ಏಳೋದು ಕಾಣ್ತಿತ್ತು. ನಿಲ್ಲಿಸಿ ಅಂತ ಯಾರಿಗೆ ಹೇಳಲಿ?"

ಯುದ್ಧ ಮುಗಿದ ಮೇಲೆ ಊರಿಗೆ ಹೋದರೆ ಆ ಬೀದಿಯೇ ಇರಲಿಲ್ಲ. ಬದುಕುಳಿದ ನೆರೆಯಾಕೆಯೊಬ್ಬಳು ಹೇಳಿದಳಂತೆ: ಮಗ ಇಂಗ್ಲೆಂಡಿನಲ್ಲಿದ್ದಾನೆಂದು ತಾಯಿಗೆ ಹೇಗೋ ತಿಳಿದಿತ್ತು. ವಿಮಾನದ ಸದ್ದಾದಾಗ ಎಲ್ಲರೂ ನೆಲಮಾಳಿಗೆಗೆ ಓಡಿದರೆ ಆಕೆ ಅಂಗಳಕ್ಕೆ ಬರುತ್ತಿದ್ದಳು, "ಅದರಲ್ಲಿ ನನ್ನ ಮಗನಿದ್ದಾನೆ" ಎನ್ನುತ್ತ. ಆ ದಿನವೂ ಹಾಗೆಯೇ ಅಂಗಳಕ್ಕೆ ಬಂದಿದ್ದಳು.

ಇನ್ನೂ ಕೆಲವು ವರ್ಷ ಸೈನ್ಯದಲ್ಲಿದ್ದು, ಬಿಟ್ಟರು. ಆಮೇಲೆ ತಿರುಗಿದ್ದೆಲ್ಲ ಪರದೇಶದ ಮರಳುಗಾಡುಗಳಲ್ಲಿ. ಮನೆ ಮಾಡಲಿಲ್ಲ.

ಈ ಕಥೆ ಹೇಳಿ ಸ್ವಲ್ಪ ಕಾಲಕ್ಕೇ ತೈಲದ ಬೆಲೆ ಬಿತ್ತು. ಕ್ಯಾಂಪುಗಳು ಒಂದೊಂದಾಗಿ ಮುಚ್ಚತೊಡಗಿದವು, ಪೈಲಟ್‌ಗಳನ್ನು ಊರಿಗೆ ಕಳಿಸಿದರು. ತುರ್ತಿಗೆಂದಾದರೂ ಒಬ್ಬ ಪೈಲಟ್ ಇರಲಿ ಎಂದು ಸಾಹೇಬರು ಮ್ಯಾನೇಜರನ ಕೋಣೆಗೆ ಎಷ್ಟು ಸಲ ಹೋದರೋ. ಸಿಕ್ಕ ಉತ್ತರ ಒಂದೇ: "ಖಲಾಸ್."

ಅದೇ ಬೇಸಿಗೆಯಲ್ಲಿ ಉಳಿದಿದ್ದ ಒಂದು ಕ್ಯಾಂಪಿನಿಂದ ವೈರ್‌ಲೆಸ್ ಬಂತು. ಕುಂದಾಪುರ ಕಡೆಯ ಅಡುಗೆಯವನಿಗೆ ಎದೆನೋವು. ವಿಮಾನವೊಂದು ನಿಂತೇ ಇತ್ತು, ಹಾರಿಸುವವರಿಲ್ಲ.

"ನಾನು ಹೋಗ್ತೇನೆ" ಎಂದರು ಸಾಹೇಬರು.

"ನಿಮ್ಮ ಲೈಸೆನ್ಸ್ ಮುಗಿದು ವರ್ಷಗಳಾದವು. ಮತ್ತೆ, ಆ ಕೈಯಲ್ಲಿ?" ಎಂದ ಮ್ಯಾನೇಜರ್.

ಸಾಹೇಬರು ತಮ್ಮ ಕೈಗಳನ್ನು ನೋಡಿಕೊಂಡರು, ಅಷ್ಟೇ.

ಅಡುಗೆಯವನನ್ನು ಪಿಕಪ್ಪಿನಲ್ಲಿ ಮಲಗಿಸಿ ಕಳಿಸಿದರು. ಮರಳುದಾರಿ ಮುಗಿದು ಟಾರು ರಸ್ತೆ ಸಿಗುವ ಮೊದಲೇ ಜೀವ ಹೋಗಿತ್ತು.

ಸಂಜೆ ಸಾಹೇಬರು ನನ್ನ ಮೇಜಿನ ಹತ್ತಿರ ಬಂದು ಕೇಳಿದ್ದು ಒಂದೇ ಮಾತು: "ಅವನಿಗೆ ತಾಯಿ ಇದ್ದಾರಾ?"

"ಇದ್ದಾರೆ" ಎಂದೆ.

ಸ್ವಲ್ಪ ದಿನಕ್ಕೆ ಅವರನ್ನೂ ಕೆಲಸದಿಂದ ತೆಗೆದರು. ಏರ್‌ಪೋರ್ಟಿಗೆ ಬಿಟ್ಟುಬಂದವನು ನಾನೇ. ಎಲ್ಲಿಗೆ ಹೋಗುತ್ತೀರೆಂದು ಕೇಳಿದೆ. "ಮೊದಲು ಪ್ಯಾರಿಸ್" ಎಂದರು. ಆಮೇಲೆ ಎಲ್ಲಿಗೆಂದು ಅವರಿಗೂ ಗೊತ್ತಿರಲಿಲ್ಲವೇನೋ. ಕೆಲವೇ ತಿಂಗಳಲ್ಲಿ ನಾನೂ ಉಡುಪಿಗೆ ಮರಳಿದೆ.

ಈಗ ನನಗೇ ಅವರ ಅಂದಿನ ವಯಸ್ಸು ದಾಟಿದೆ. ಅವರು ಬದುಕಿರಲಾರರು. ಇದನ್ನು ಯಾರೂ ನನಗೆ ತಿಳಿಸಿದ್ದಲ್ಲ, ತಿಳಿಸುವವರು ಯಾರೂ ಇರಲಿಲ್ಲ. ಕಳೆದ ವರ್ಷಗಳನ್ನು ಕೂಡಿಸಿ ನೋಡಿ ನಾನೇ ಅರ್ಥಮಾಡಿಕೊಂಡದ್ದು.