ಮೊಣಕಾಲುದ್ದ ನೀರಿನ ಸ್ಟಾಪು

ಹಾಗಂತ ಕಂಡಕ್ಟರಿಗೆ ಈಜು ಬರುತ್ತಿತ್ತು ಅಂತ ಮಾತ್ರ ತಿಳಿಯಬೇಡಿ. ಅದನ್ನು ಹೇಳುವುದೇ ಮರೆತುಹೋಗಿತ್ತು ನೋಡಿ. ಕೆರೆಯಲ್ಲಿ ದೋಣಿ ಸವಾರಿಯ ವ್ಯಾಪಾರಕ್ಕೆ ಕೈಹಾಕಿದ ಈ ಪುಣ್ಯಾತ್ಮರು ಅಲ್ಲಿಯವರೆಗೆ ಎದುರಿಸಿದ್ದ ಅತಿ ಆಳದ ನೀರು ಅಂದರೆ ಬಚ್ಚಲುಮನೆಯ ಬಕೆಟ್ಟು. ಯಾರಾದರೂ ಇದನ್ನು ಎತ್ತಿ ಆಡಿದರೆ ಅವರ ಹತ್ತಿರ ಉತ್ತರ ಸಿದ್ಧ: "ಜೀವಮಾನವೆಲ್ಲ ಬಸ್ಸಲ್ಲಿ ಕಳೆದೆ, ನಂಗೇನು ಡ್ರೈವಿಂಗ್ ಬರ್ತಿತ್ತಾ? ಆವಾಗ ಯಾರೂ ಕೇಳ್ಲಿಲ್ವಲ್ಲ!"

ಬಸ್ಸಿನ ಕೆಲಸದಿಂದ ನಿವೃತ್ತರಾದ ಮೇಲೆ ಅವರು ಮನೆಯಲ್ಲಿ ಕೂತರು ಅನ್ನುವುದು ತಪ್ಪು. ನಿಂತರು. ಮನೆಯ ಮುಂದಿನ ಕೋಣೆ ಅವರ ಹೆಂಡತಿಯ ಹೊಲಿಗೆ ಅಂಗಡಿ. ಊರಿಗೆಲ್ಲ ಆಕೆ ಟೈಲರಮ್ಮ. ಕಿಟಕಿಯ ಪಕ್ಕ ಮೆಷಿನ್ನು, ಗೋಡೆಗೆ ಕನ್ನಡಿ, ಮೂಲೆಯಲ್ಲಿ ಚಿಂದಿ ಬಟ್ಟೆಯ ಗಂಟು. ಬಾಗಿಲಿಗೆ ಸೊಂಟ ಒರಗಿಸಿಕೊಂಡು, ಒಂದು ಕೈ ಮೇಲೆ ಚೌಕಟ್ಟಿಗೆ ಕೊಟ್ಟುಕೊಂಡು ಕಂಡಕ್ಟರು. ಮನೆ ಎಲ್ಲಿ ತಿರುವಿನಲ್ಲಿ ವಾಲಿಬಿಡುತ್ತದೋ ಅನ್ನುವ ಹಾಗೆ! ಅಳತೆ ಕೊಡಲು ಯಾರೇ ಬರಲಿ, ಕಂಡಕ್ಟರ ಬಾಯಿಂದ ತಾನಾಗಿ ಹೊರಡುತ್ತಿತ್ತು: "ಮುಂದೆ ಹೋಗಿ, ಮುಂದೆ ಹೋಗಿ, ಬಾಗಿಲಲ್ಲಿ ನಿಲ್ಬೇಡಿ!" ಪಾಪ, ಹೊಸದಾಗಿ ಬಂದ ಟೀಚರೊಬ್ಬರು ಆ ಧ್ವನಿಗೆ ಹೆದರಿ ಮುಂದೆ ಮುಂದೆ ಹೋಗಿ ಅಡಿಗೆಮನೆ ದಾಟಿ ಹಿತ್ತಿಲಲ್ಲಿ ನಿಂತಿದ್ದರು. ಟೈಲರಮ್ಮ ಟೇಪು ಹಿಡಿದು ಅಲ್ಲಿಗೇ ಹೋಗಿ ಅಳತೆ ತೆಗೆದುಕೊಂಡು ಬಂದರು.

ಅವತ್ತೇ ಆಕೆ ಹೇಳಿದ್ದು. "ರೀ, ಇನ್ನು ನನ್ನ ಕೈಲಾಗಲ್ಲ. ನನ್ನ ತಮ್ಮನ ಅಂಗಡೀಲಿ ಒಬ್ರು ಬೇಕಂತೆ. ಹೋಗಿ ಮೊಳೆ ತೂಗಿ."

ತಮ್ಮನದು ಹಾರ್ಡ್‌ವೇರ್ ಅಂಗಡಿ. ಅಲ್ಲಿ ಸಿಗುವ ವಸ್ತುಗಳಲ್ಲೆಲ್ಲ ಚೂಪಾದದ್ದು ಅಂದರೆ ಅವನ ನಾಲಿಗೆ. ಕಂಡಕ್ಟರಿಗೆ ಭಾವಮೈದನ ಕೈಕೆಳಗೆ ಮೊಳೆ ತೂಗುವ ಕನಸು ಬಿದ್ದು, ಕನಸಲ್ಲೂ ತೂಕ ತಪ್ಪಿ, ಬೈಸಿಕೊಂಡು ಎದ್ದರು.

ಊರಾಚೆ ಒಂದು ಕೆರೆ ಇದೆ. ಅಲ್ಲಿ ನೋಡುವಂಥದ್ದೇನೂ ಇಲ್ಲ. ನೀರು, ದಡದುದ್ದಕ್ಕೆ ಜೊಂಡು, ಕೆಟ್ಟು ನಿಂತ ಪಂಪ್‌ಹೌಸು, ಒಂದು ಒಣಮರ. ಆದರೂ ಭಾನುವಾರ ಸಂಜೆ ಜನ ಬರುತ್ತಾರೆ, ದಡದಲ್ಲಿ ಸಾಲಾಗಿ ನಿಂತು ನೀರು ನೋಡುತ್ತಾರೆ, ಹೋಗುತ್ತಾರೆ. ಬೇಸರಕ್ಕೆ ಅಲ್ಲಿಗೆ ಹೋದ ಕಂಡಕ್ಟರಿಗೆ ಆ ಸಾಲು ಕಂಡು ಕೈ ತುರಿಸಿತು. ಸಾಲಾಗಿ ನಿಂತ ಜನ ಅಂದರೆ ಅವರ ಪ್ರಕಾರ ಬಸ್ಸು ಬಾರದ ಸ್ಟಾಪು!

ಮುಚ್ಚಿಹೋದ ಯಾವುದೋ ರೆಸಾರ್ಟಿನಿಂದ ಒಂದು ಹಳೇ ಇಂಜಿನ್ ದೋಣಿ ತಂದರು. ಭಾವಮೈದ ಬಣ್ಣ, ಬೋಲ್ಟು ಕೊಟ್ಟ. "ತಗೊಳ್ಳಿ ಭಾವ, ಮುಳುಗುವಾಗ ಚೆನ್ನಾಗಿ ಕಾಣ್ಬೇಕಲ್ಲ" ಅನ್ನುವ ಹಾರೈಕೆಯನ್ನೂ ಸೇರಿಸಿ ಕೊಟ್ಟ. ಓಡಿಸಲು ಬಲೆಯಣ್ಣ ಸಿಕ್ಕಿದ. ಆ ಕೆರೆಯಲ್ಲೇ ಮೀನು ಹಿಡಿದು ಮುದುಕನಾದವನು, ಮಾತಿಗೆ ಮಾತ್ರ ಕಡುಬಡವ. ಟೈಲರಮ್ಮ ಬೈಯುತ್ತಲೇ ಪಟ್ಟೆಪಟ್ಟೆ ಬಟ್ಟೆಯ ಚಪ್ಪರ ಹೊಲಿದುಕೊಟ್ಟರು. ಕೊಡುವಾಗ ಒಂದೇ ಮಾತು: "ಪರವಾನಗಿ ಸಿಕ್ರೆ ದೋಣಿ. ಸಿಗ್ಲಿಲ್ಲ ಅಂದ್ರೆ ಮೊಳೆ. ಆಮೇಲೆ ಕಾರಣ ಗೀರಣ ಹೇಳ್ಬಾರ್ದು." ಕಂಡಕ್ಟರು ತಲೆಯಾಡಿಸಿದರು. ಆಡಿಸದೆ ಇನ್ನೇನು ಮಾಡಿಯಾರು?

ಜೀವರಕ್ಷಕ ಜಾಕೆಟ್ಟುಗಳು ಬಂದ ದಿನದಿಂದ ಅವರು ಒಂದನ್ನು ಮೈಮೇಲಿಂದ ತೆಗೆಯಲಿಲ್ಲ. ಮನೆಯಿಂದ ಹೊರಡುವಾಗಲೇ ಕಿತ್ತಳೆ ಬಣ್ಣದ ಜಾಕೆಟ್ಟು ತೊಟ್ಟು, ಬೆಲ್ಟು ಬಿಗಿದು, ಪೇಟೆಬೀದಿ ನಡುವೆ ಗಂಭೀರವಾಗಿ ನಡೆಯುತ್ತಿದ್ದರು. ಕ್ಷೌರದಂಗಡಿಯವನು ಕತ್ತರಿ ಹಿಡಿದೇ ಹೊರಗೆ ಬಂದು ಕೂಗಿದ: "ಏನ್ ಕಂಡಕ್ಟ್ರೇ, ಊರಿಗೆ ನೆರೆ ಬರ್ತಾ ಇದ್ಯಾ? ಮೊದ್ಲೇ ಹೇಳ್ಬಾರ್ದಾ?"

"ನೆರೆ ಬಂದ್ರೆ ನೀವೆಲ್ಲ ಈಜ್ತೀರಪ್ಪ. ನಾನು ಚರಂಡಿ ದಾಟೋವಾಗ್ಲೂ ಹುಷಾರಾಗಿರ್ಬೇಕು" ಅಂದರು ಕಂಡಕ್ಟರು. ತಮ್ಮನ್ನು ತಾವು ಆಡಿಕೊಳ್ಳುವುದರಲ್ಲಿ ಊರವರಿಗೆ ಅವರು ಒಂದು ಹೆಜ್ಜೆಯನ್ನೂ ಬಿಟ್ಟುಕೊಡುತ್ತಿರಲಿಲ್ಲ.

ಪರೀಕ್ಷೆಯ ದಿನ ಬಂತು. ಪರವಾನಗಿ ಕೊಡುವ ಮೇಡಂ ಬ್ಯಾಗು ಹಿಡಿದು ದಡಕ್ಕೆ ಬಂದರು. ದೋಣಿ ತುಂಬ ಜನ ಬೇಕು ಅಂತ ಮೊದಲೇ ಹೇಳಿದ್ದರಿಂದ ಕ್ಷೌರದಂಗಡಿಯವನು, ಹಿತ್ತಿಲಿಗೆ ಹೋಗಿದ್ದ ಟೀಚರು, ಬೀದಿಯವರು ಎಲ್ಲ ಜಾಕೆಟ್ಟು ತೊಟ್ಟು ಸಿದ್ಧರಾಗಿದ್ದರು. ಭಾವಮೈದ ಅಂಗಡಿಗೆ ಬೀಗ ಹಾಕಿ ಬಂದಿದ್ದ. ಇಂಥ ತಮಾಷೆ ತಪ್ಪಿಸಿಕೊಳ್ಳುವ ಪೈಕಿ ಅಲ್ಲ ಅವನು. ಟೈಲರಮ್ಮ ಮಾತ್ರ ದಡದಲ್ಲೇ ನಿಂತರು. "ನಾನು ಹತ್ತಲ್ಲ. ಮನೇಲಿ ಒಬ್ರಾದ್ರೂ ಉಳೀಬೇಕು."

ಮೇಡಂ ಎಲ್ಲವನ್ನೂ ನೋಡಿದರು. ಇಂಜಿನ್ ಸರಿ, ಜಾಕೆಟ್ ಸರಿ, ಹಗ್ಗ ಸರಿ. "ಆಯ್ತು. ದಿನಾ ಹೇಗೆ ಹತ್ತಿಸ್ತೀರೋ ಹಾಗೇ ಹತ್ತಿಸಿ, ನೋಡೋಣ" ಅಂದರು.

ಅಲ್ಲೇ ನೋಡಿ ಕೆಟ್ಟಿದ್ದು. ಹಾಗೆ ಹೇಳಬಾರದಿತ್ತು. ಜನ ಹಲಗೆಯ ಮೇಲೆ ಕಾಲಿಟ್ಟು ದೋಣಿ ಹತ್ತಿದರು, ಹತ್ತಿದವರು ಅಲ್ಲೇ ಹಿಂಬದಿಯಲ್ಲಿ ಗುಂಪುಗೂಡಿದರು. ಬಲೆಯಣ್ಣ ಇಂಜಿನ್ ಚಾಲೂ ಮಾಡಿದ, ದೋಣಿ ದಡ ಬಿಟ್ಟಿತು, ಜೊಂಡಿನ ಹತ್ತಿರ ತಿರುಗಿತು. ಕಂಡಕ್ಟರು ಕಂಬಕ್ಕೆ ಸೊಂಟ ಒರಗಿಸಿದರು. ಅಷ್ಟೇ!

"ಮುಂದೆ ಹೋಗಿ! ಮುಂದೆ ಹೋಗಿ! ಮುಂದೆ ಎಲ್ಲಾ ಖಾಲಿ ಇದೆ! ಬಾಗಿಲಲ್ಲಿ ನಿಲ್ಬೇಡಿ!"

ಊರಿಗೆ ಊರೇ ಎಷ್ಟೋ ವರ್ಷ ಆ ಧ್ವನಿ ಕೇಳಿ ಮುಂದೆ ಹೋದದ್ದು. ಯಾರೂ ಯೋಚಿಸಲಿಲ್ಲ. ಕ್ಷೌರದಂಗಡಿಯವನು ಹೋದ, ಟೀಚರು ಹೋದರು, ನಗಲೆಂದೇ ಬಂದಿದ್ದ ಭಾವಮೈದ ನಗುತ್ತಲೇ ಹೋದ. ಬ್ಯಾಗು ಎದೆಗವಚಿಕೊಂಡು ಮೇಡಂ ಕೂಡ ಹೋದರು! ದೋಣಿಯ ಮೂತಿ ನೀರಿಗೆ ಬಗ್ಗಿತು, ಬಾಲ ಎದ್ದಿತು, ಇಂಜಿನ್ನಿನ ಫ್ಯಾನು ಗಾಳಿಯಲ್ಲಿ ಕಿರ್ರೋ ಅಂತ ಸುತ್ತಿತು. ದೋಣಿ ಜೊಂಡಿನೊಳಕ್ಕೆ ಮೂಗು ತೂರಿಸಿ ಕೆಸರಲ್ಲಿ ನಾಟಿಕೊಂಡು ನಿಂತಿತು. ಮುಂದಿದ್ದವರ ಚಪ್ಪಲಿಗೆಲ್ಲ ನೀರು.

"ಮುಳುಗಿದ್ವಿ!" ಅಂತ ಮೊದಲು ಕಿರುಚಿದ್ದು ಮಾಲೀಕರೇ.

ಬಲೆಯಣ್ಣ ಇಂಜಿನ್ ಆರಿಸಿದ. "ಕಂಡಕ್ಟ್ರೇ, ಬಸ್ಸು ಕೆಸರಲ್ಲಿ ಸಿಕ್ಕಿಕೊಂಡ್ರೆ ಏನ್ ಮಾಡ್ತಿದ್ರಿ?"

"ಇಳಿದು ತಳ್ತಿದ್ವಿ."

"ಮತ್ತೆ? ಇಳೀರಿ."

ಕಂಡಕ್ಟರು ನೀರನ್ನು ನೋಡಿದರು. ದಡದಲ್ಲಿ ನಿಂತ ಹೆಂಡತಿಯನ್ನು ನೋಡಿದರು. ಮುಂದೆ ಅಂಟಿಕೊಂಡು ನಿಂತ ಊರನ್ನು ನೋಡಿದರು. ಇಷ್ಟು ಜನರ ಜೀವ ತಮ್ಮ ಒಂದು ಮಾತಿಗೆ ಮುಂದೆ ಹೋಗಿದೆ, ಇನ್ನು ತಾವು ಹಿಂದೆ ನಿಂತರೆ ಆಗದು ಅನ್ನಿಸಿತು. "ಇವ್ಳೇ, ಅಂಗಡಿ ಹುಷಾರು!" ಅಂತ ದಡದ ಕಡೆ ಕೂಗಿ, ಮೂಗು ಹಿಡಿದು, ಕಣ್ಣು ಮುಚ್ಚಿ ಹಾರಿದರು.

ನೀರು ಮೊಣಕಾಲಿಗೆ ಬಂತು.

ಕಣ್ಣು ಮುಚ್ಚಿಯೇ ಸ್ವಲ್ಪ ಹೊತ್ತು ನಿಂತಲ್ಲೇ ಕೈ ಬಡಿದರಂತೆ. ಆಮೇಲೆ ಒಂದು ಕಣ್ಣು ತೆರೆದರು. ಕಿತ್ತಳೆ ಜಾಕೆಟ್ಟು ಒಣಗಿದ್ದು ಒಣಗಿದ ಹಾಗೇ ಇತ್ತು. ಕ್ಷೌರದಂಗಡಿಯವನು ಮೆಲ್ಲಗೆ ಕೇಳಿದ: "ಕಂಡಕ್ಟ್ರೇ, ಆಳ ಹೇಗಿದೆ?"

"ನನ್ನ ಬುದ್ಧಿಗಿಂತ ಸ್ವಲ್ಪ ಜಾಸ್ತಿ" ಅಂದರು ಕಂಡಕ್ಟರು.

ಎಲ್ಲರೂ ಇಳಿದು ತಳ್ಳಿದರು. ದಡ ಸೇರಿದ ಮೇಲೆ ಮೇಡಂ ಚಪ್ಪಲಿಯಿಂದ ನೀರು ಚೆಲ್ಲುತ್ತಾ ಸಿಡುಕಿದರು. "ದೋಣಿ ಸರಿಯಾಗಿದೆ. ಇಂಜಿನ್ ಸರಿಯಾಗಿದೆ. ನೀವೇ ಸರಿಯಾಗಿಲ್ಲ. ನಾನು ಪರೀಕ್ಷೆ ಮಾಡೋಕೆ ಬಂದವಳು! ನೀವು ಕೂಗಿದ ತಕ್ಷಣ ನಾನೂ ಮುಂದೆ ಹೋದ್ನಲ್ರೀ!" ಕಾಲೇಜಿಗೆ ಆಕೆ ಇದೇ ಕಂಡಕ್ಟರ ಬಸ್ಸಲ್ಲಿ ಹೋಗಿದ್ದವರಂತೆ. "ಜನರನ್ನ ಕೂರಿಸೋಕೆ ಬೇರೆ ಯಾರನ್ನಾದ್ರೂ ಇಡಿ. ಮುಂದಿನ ವಾರ ಇನ್ನೊಂದ್ಸಲ ನೋಡ್ತೀನಿ. ಅದೇ ಕೊನೆ."

ಭಾವಮೈದ ಪ್ಯಾಂಟು ಹಿಂಡಿಕೊಳ್ಳುತ್ತಾ ಬಂದ. "ಭಾವ, ಈಗ್ಲೇ ಅಂಗಡಿಗೆ ಬರ್ತೀರಾ, ಬಟ್ಟೆ ಬದಲಾಯಿಸ್ಕೊಂಡು ಬರ್ತೀರಾ?"

ಮನೆಗೆ ಬಂದು ಕಂಡಕ್ಟರು ಚಿಂದಿ ಗಂಟಿನ ಮೇಲೆ ಕೂತರು. ಹೌದು, ಕೂತರು. ಅದನ್ನು ಕಂಡೇ ಟೈಲರಮ್ಮನಿಗೆ ಗಾಬರಿಯಾದದ್ದು.

"ನಾಳೆಯಿಂದ ಮೊಳೆ ತೂಗ್ತೀನಿ ಬಿಡು. ಕಬ್ಬಿಣ ಆದ್ರೆ ಮುಂದೆ ಹೋಗು ಅಂದ್ರೂ ಹೋಗಲ್ಲ."

ಟೈಲರಮ್ಮ ಒದ್ದೆ ಚಪ್ಪರವನ್ನು ಕಿಟಕಿಗೆ ಹರಡುತ್ತಿದ್ದವರು ತಿರುಗಿದರು. "ಮೇಡಂ ಬೇರೆಯವರನ್ನ ಇಡಿ ಅಂದ್ರು ತಾನೇ? ದಡದಲ್ಲಿ ನಿಂತು ನೋಡ್ತಿದ್ದೆ. ಎಡಗಡೆ ಎಲ್ಲ ದಪ್ಪಗಿನವರು, ಬಲಗಡೆ ಎಲ್ಲ ಸಣಕಲು. ಹೇಳೋಣ ಅಂತ ಬಾಯಿ ತೆಗೆಯೋಷ್ಟ್ರಲ್ಲಿ ನಿಮ್ಮ ಬಾಯಿ ತೆಗೆದಿತ್ತು. ಈ ಊರಿನ ಸೊಂಟ ನನಗಲ್ದೆ ಇನ್ಯಾರಿಗ್ರೀ ಗೊತ್ತು?"

"ನೀನು ಹತ್ತಲ್ಲ ಅಂದ್ಯಲ್ಲ?"

"ಆಳ ಎಷ್ಟು ಅಂತ ನೀವು ಹಾರಿ ತೋರಿಸಿದ್ರಲ್ಲ, ಧೈರ್ಯ ಬಂತು." ಪೆಟ್ಟಿಗೆ ತೆಗೆದು ಅವರ ಹಳೇ ಸೀಟಿ ಹುಡುಕಿ ಕೈಗಿಟ್ಟರು. "ಜನ ಹತ್ತೋವಾಗ ಇದು ಬಾಯಲ್ಲೇ ಇರ್ಬೇಕು. ಬಾಯಿ ಖಾಲಿ ಬಿಟ್ರೆ ಮೊಳೇನೇ ಗತಿ."

ಎರಡನೇ ಪರೀಕ್ಷೆ. ಟೈಲರಮ್ಮ ಹಲಗೆಯ ಪಕ್ಕ ನಿಂತರು. ಬಂದವರನ್ನು ಒಂದು ಸಲ ಮೇಲಿಂದ ಕೆಳಗೆ ನೋಡುವುದು, ಜಾಗ ತೋರಿಸುವುದು. ದಪ್ಪ, ಸಣ್ಣ ಅನ್ನುವ ಮಾತೇ ಇಲ್ಲ. "ಟೀಚರೇ, ಬಲಗಡೆ ಬನ್ನಿ, ಈ ಕಡೆ ಬೆಳಕು ನಿಮ್ಮ ಮುಖಕ್ಕೆ ಹೊಂದುತ್ತೆ." "ಮೇಡಂ, ನಡುವೆ ಕೂತ್ಕೊಳ್ಳಿ, ಗಾಳಿ ಚೆನ್ನಾಗಿ ಬರುತ್ತೆ." ಎಲ್ಲರಿಗೂ ಖುಷಿ! ತಮ್ಮನಿಗೆ ಮಾತ್ರ ಆ ಉಪಚಾರ ಇಲ್ಲ: "ನೀನು ಹಿಂದೆ. ಭಾರಕ್ಕೆ."

ಕಂಡಕ್ಟರು ಸೀಟಿ ಕಚ್ಚಿಕೊಂಡು ನಿಂತಿದ್ದರು. ಎಲ್ಲ ಸುಸೂತ್ರ ಅನ್ನುವಾಗ ಕ್ಷೌರದಂಗಡಿಯವನು ಬಂದು ಹತ್ತುವ ಜಾಗದಲ್ಲೇ ನಿಂತು ಹರಟೆ ಶುರು ಮಾಡಿದ. ಬಾಗಿಲಲ್ಲಿ! ನಿಂತೇಬಿಟ್ಟ! ಕಂಡಕ್ಟರ ಕತ್ತಿನ ನರ ಉಬ್ಬಿತು, ಕಣ್ಣು ಕೆಂಪಾಯಿತು, ಒಳಗಿಂದ ಆ ಎರಡು ಮಾತು ಒದ್ದುಕೊಂಡು ಮೇಲೆ ಬಂದವು. ಬಂದು ಸೀಟಿಗೆ ಡಿಕ್ಕಿ ಹೊಡೆದವು. "ಪೀಈಈ!" ಟೈಲರಮ್ಮ ಗಂಡನ ಮುಖ ಕಂಡವರೇ ಕ್ಷೌರದಂಗಡಿಯವನ ಜಾಕೆಟ್ಟಿನ ಬೆಲ್ಟು ಹಿಡಿದೆಳೆದು ಎಡಕ್ಕೆ ಕೂರಿಸಿದರು. "ಇಲ್ಲಿ ಕೂತ್ಕೋಪ್ಪ. ನಮ್ಮನೆಯವರು ಒಡೆದುಹೋಗ್ತಾರೆ."

ದೋಣಿ ಹೊರಟಿತು. ತುಂಬಿದ ಕೊಡ ತುಳುಕುವುದಿಲ್ಲ ಅನ್ನುತ್ತಾರಲ್ಲ, ಹಾಗೆ ತುಂಬಿದ ದೋಣಿ ತುಳುಕಲಿಲ್ಲ. ಕೆರೆ ಸುತ್ತಿ, ನೆಟ್ಟಗೆ ದಡಕ್ಕೆ ಬಂದು ನಿಂತಿತು. ಮೇಡಂ ಇಳಿದು ಹೇಳಿದರು: "ಪರವಾನಗಿ ಕೊಡ್ತೀನಿ. ದೋಣಿ ನಿಮ್ಮ ಹೆಸರಲ್ಲೇ ಇರ್ಲಿ. ಆದರೆ ದೋಣೀಲಿ ಮಾತು ಅಮ್ಮನದು." ಕಂಡಕ್ಟರು ಸೀಟಿ ತೆಗೆಯದೆ ಕೈಮುಗಿದರು. "ಮನೇಲೂ ಹಾಗೇ ಮೇಡಂ" ಅಂದದ್ದು ಭಾವಮೈದ.

ಪರವಾನಗಿ ಸಿಕ್ಕಿತು, ವ್ಯಾಪಾರ ಸಿಗಬೇಕಲ್ಲ? ಶುರುವಿನಲ್ಲಿ ಕಂಡಕ್ಟರು ಬಸ್ಸಿನ ಚಾಳಿಯಂತೆ ಕೆರೆಯಲ್ಲೂ ಸ್ಟಾಪು ಮಾಡಿದ್ದರು. ಒಂದು ಸೀಟಿಗೆ ದೋಣಿ ನಿಲ್ಲುವುದು, ಎರಡಕ್ಕೆ ಹೊರಡುವುದು. "ಪಂಪ್‌ಹೌಸ್!" ಅಂತ ಕೂಗುವುದು. ಜನ ಪಂಪ್‌ಹೌಸು ನೋಡಿ ಆಕಳಿಸುವುದು. "ಒಣಮರ!" ಮತ್ತೆ ಆಕಳಿಕೆ. ಬಂದವರು ಎರಡನೇ ಸಲ ಬರುತ್ತಿರಲಿಲ್ಲ. ಒಂದು ಸಂಜೆ ಜೊಂಡಿನ ಹತ್ತಿರ ದೋಣಿ ನಿಂತಾಗ ಒಬ್ಬಳು ಪುಟ್ಟಿ ಕೇಳಿದಳು: "ಇಲ್ಲಿ ಏನಿದೆ ಅಂಕಲ್?"

ಕಂಡಕ್ಟರಿಗೆ ಸುಳ್ಳು ಹೊಳೆಯಲಿಲ್ಲ. "ಇಲ್ಲಿ ನಾನು ಮುಳುಗಿದ್ದೆ ಕಂದಾ."

"ಹೌದಾ! ಎಷ್ಟು ಆಳ ಇದೆ?"

ಪ್ಯಾಂಟು ಮಡಚಿ ಮೊಣಕಾಲು ತೋರಿಸಿದರು. ದೋಣಿಗೆ ದೋಣಿಯೇ ನಕ್ಕಿತು. ಆಮೇಲೆ ಪೂರ್ತಿ ಕಥೆ ಹೇಳಿದರು. ಹಿತ್ತಿಲಿಗೆ ಹೋದ ಟೀಚರಿಂದ ಹಿಡಿದು ಮೂಗು ಹಿಡಿದು ಹಾರಿದ್ದರವರೆಗೆ. ಮುಂದಿನ ಭಾನುವಾರ ಆ ಪುಟ್ಟಿ ಇಡೀ ಬಳಗ ಕಟ್ಟಿಕೊಂಡು ಬಂದಳು. "ಮುಳುಗಿದ ಜಾಗ ತೋರಿಸಿ!"

ಅಲ್ಲಿಂದ ವ್ಯಾಪಾರ ಕೈಹಿಡಿಯಿತು. ಈಗ ದೂರದೂರುಗಳಿಂದ ಜನ ಬರುತ್ತಾರೆ. ಆ ಕೆರೆಯಲ್ಲಿ ನೋಡುವಂಥದ್ದು ಇವತ್ತಿಗೂ ಏನೂ ಇಲ್ಲ. "ಬೇರೆ ಊರಲ್ಲಿ ಕೋಟೆ ತೋರಿಸ್ತಾರೆ, ಜಲಪಾತ ತೋರಿಸ್ತಾರೆ. ನಮ್ಮ ಹತ್ರ ಇರೋದು ನನ್ನ ದಡ್ಡತನ ಒಂದೇ. ಅದೂ ಸಣ್ಣದೇನಲ್ಲ, ಸುತ್ತಿ ಬರೋಕೆ ಅರ್ಧ ಗಂಟೆ ಬೇಕು" ಅನ್ನುತ್ತಾರೆ ಕಂಡಕ್ಟರು. ಭಾವಮೈದ ಇವತ್ತಿಗೂ ಅಂಗಡಿಯ ತಕ್ಕಡಿ ಒರೆಸಿಟ್ಟಿದ್ದಾನೆ. ಪ್ರತಿ ಭಾನುವಾರ ತಪ್ಪದೆ ಬಂದು ದೋಣಿಯ ಹಿಂದೆ ಕೂರುತ್ತಾನೆ, ಭಾರಕ್ಕೆ.

ನಿಜವಾಗಿ ಹೇಳ್ತೀನಿ, ಒಂದು ಭಾನುವಾರ ಬಿಡುವು ಮಾಡಿಕೊಂಡು ಹೋಗಿ ಬನ್ನಿ. ಕೆರೆ ದಡದಲ್ಲಿ ಕಿತ್ತಳೆ ಜಾಕೆಟ್ಟು ತೊಟ್ಟು, ಸೀಟಿ ಕಚ್ಚಿಕೊಂಡು, ಕಂಬಕ್ಕೆ ಒರಗಿ ನಿಂತವರು ಕಂಡರೆ ಅವರೇ. ಸೀಟಿ ತೆಗೆಸಿ ಮಾತಾಡಿಸಿ, ಆದರೆ ಎಲ್ಲರೂ ಹತ್ತಿ ಕೂತ ಮೇಲೆ. ಹತ್ತುವಾಗ ಟೈಲರಮ್ಮ ನಿಮ್ಮನ್ನು ಮೇಲಿಂದ ಕೆಳಗೆ ನೋಡಿ "ಈ ಕಡೆ ಬೆಳಕು ಚೆನ್ನಾಗಿದೆ" ಅಂದರೆ, ಯಾಕೆ ಅಂತ ಕೇಳದೆ ಹೋಗಿ ಕೂತುಬಿಡಿ.