ಬಾಗಿಲಿನಿಂದ ಶುರುವಾದ ನೆಲ

ಅಣ್ಣ ತೀರಿಕೊಂಡ ಸುದ್ದಿ ಬಂದಾಗ ತಂಗಿಯ ಕೈಯಲ್ಲಿ ಉಳಿ ಇತ್ತು. ಟೀಚರಮ್ಮನ ಮನೆಯ ಬಚ್ಚಲಿನ ಹಳೆಯ ನೆಲವನ್ನು ಹಿಂದಿನ ದಿನವೇ ಅಣ್ಣ ತಂಗಿ ಇಬ್ಬರೂ ಸೇರಿ ಒಡೆದಿದ್ದರು. ಮೂಲೆಯಲ್ಲಿ ಒಂದೆರಡು ಹಟಮಾರಿ ತುಂಡುಗಳು ಮಾತ್ರ ಕಚ್ಚಿಕೊಂಡು ಉಳಿದಿದ್ದವು. ಇನ್ನೂ ಆರೂವರೆ ಆಗಿರಲಿಲ್ಲ. ಯಾವತ್ತೂ ತನಗಿಂತ ಮುಂಚೆ ಬಂದು ಗೇಟಿನ ಬಳಿ ಕೂತಿರುವ ಅಣ್ಣ ಇವತ್ತು ತಡಮಾಡಿದ್ದಾನೆ, ಬರಲಿ, ಚೆನ್ನಾಗಿ ರೇಗಿಸುತ್ತೇನೆ ಎಂದುಕೊಂಡೇ ಅವಳು ಸುತ್ತಿಗೆ ಬೀಸುತ್ತಿದ್ದಳು. ಆಗ ಫೋನ್ ಬಂತು. ಆಚೆ ಅತ್ತಿಗೆ. "ಎಬ್ಬಿಸಿದ್ರೆ ಏಳ್ತಾ ಇಲ್ಲ ಕಣೇ" ಅಂದರು. ಉಳಿ ಸುತ್ತಿಗೆ ಅಲ್ಲೇ ಬಿಟ್ಟು ತಂಗಿ ಓಡಿದಳು.

ಅದಾಗಿ ಎರಡು ವಾರ. ಈ ಗುರುವಾರ ಬೆಳಕು ಹರಿಯುವ ಹೊತ್ತಿಗೆ ತಂಗಿ ಮತ್ತೆ ಅದೇ ಬಚ್ಚಲಿನ ಹೊಸ್ತಿಲ ಮೇಲೆ ಕೂತಿದ್ದಾಳೆ. ಸೆರಗು ಸೊಂಟಕ್ಕೆ ಸಿಕ್ಕಿಸಿದೆ. ಬಕೆಟ್ಟಿನಲ್ಲಿ ಟೈಲ್ಸ್ ನೆನೆಯುತ್ತಿದೆ. ಅತ್ತಿಗೆ ಕೊಟ್ಟು ಕಳಿಸಿದ ಅಣ್ಣನ ಕರಣೆ, ರಬ್ಬರ್ ಸುತ್ತಿಗೆ, ಮಟ್ಟ ನೋಡುವ ರಸಮಟ್ಟ ಪಕ್ಕದಲ್ಲಿವೆ. ನಲವತ್ತೊಂದು ವರ್ಷದ ಈಕೆಯನ್ನು ಸಿಮೆಂಟ್ ಅಂಗಡಿಯವರೂ ಮನೆ ಕಟ್ಟಿಸುವವರೂ ತಂಗಿ ಎಂದೇ ಕರೆಯುತ್ತಾರೆ. ಅಣ್ಣ ಹಾಗೆ ಕರೆಯುತ್ತಿದ್ದ, ಊರೂ ಹಾಗೇ ಕರೆಯಿತು. ಅವಳಿಗಿಂತ ಹಿರಿಯರಾದ ಲಾರಿ ಚಾಲಕರೂ "ತಂಗಿ, ಮೂಟೆ ಎಲ್ಲಿಳಿಸಲಿ?" ಅನ್ನುತ್ತಾರೆ.

ಅಣ್ಣ ಒಳಗೆ ಟೈಲ್ಸ್ ಕೂರಿಸುವಾಗ, ಹದಿನಾರು ವರ್ಷ, ಅವಳ ಜಾಗ ಹೊಸ್ತಿಲ ಹೊರಗೇ ಇತ್ತು. ಸಿಮೆಂಟು ಕಲಸುವುದು, ಟೈಲ್ಸ್ ನೆನೆಹಾಕುವುದು, ಕೇಳಿದ್ದನ್ನು ಕೇಳುವ ಮೊದಲೇ ಕೈಗಿಡುವುದು. ಕೆಲಸ ಜೋರಾಗಿದ್ದ ದಿನ ನೂರು, ನೂರಿಪ್ಪತ್ತು ಟೈಲ್ಸ್ ಅವಳ ಕೈ ದಾಟಿ ಒಳಗೆ ಹೋಗುತ್ತಿತ್ತು. ಒಂದೊಂದೂ ಮಗುವಿನ ತೂಕ ಎನ್ನುತ್ತಾಳೆ ತಂಗಿ, "ಸಂಜೆ ಹೊತ್ತಿಗೆ ದೊಡ್ಡ ಮಗು." ಇಷ್ಟು ವರ್ಷದಲ್ಲಿ ಅವಳ ಕೈಯಾರೆ ಕೂರಿಸಿದ ಟೈಲ್ಸ್ ಎಷ್ಟು? ಒಂದೂ ಇಲ್ಲ.

ಅದಕ್ಕೇ ಈ ಬಚ್ಚಲು ಅವಳಿಗೆ ದೊಡ್ಡದು. ಅಳತೆಯಲ್ಲಿ ನಾಲ್ಕಡಿ ಅಗಲ, ಆರಡಿ ಉದ್ದ. ಟೀಚರಮ್ಮನ ಅತ್ತೆ ಇದೇ ಬಚ್ಚಲಿನ ಹಳೆಯ ನೆಲದಲ್ಲಿ ನಿಂತ ನೀರಿನ ಮೇಲೆ ಜಾರಿ ಬಿದ್ದು ಸೊಂಟ ಮುರಿದುಕೊಂಡವರು. ಶನಿವಾರ ಹತ್ತು ಗಂಟೆಗೆ ಆಸ್ಪತ್ರೆಯಿಂದ ಮನೆಗೆ ಬರುತ್ತಾರೆ. ಅಣ್ಣ ಹೋದಮೇಲೆ ಟೀಚರಮ್ಮ ಬೇರೆ ಮೇಸ್ತ್ರಿಗೆ ಹೇಳಿಯೂ ಆಗಿತ್ತು. ಆಗ ತಂಗಿ ಬಂದು ಬಾಗಿಲಲ್ಲಿ ನಿಂತಳು.

"ಕೆಲಸ ನನಗೆ ಕೊಡಿ ಟೀಚರಮ್ಮ. ನೀರು ಒಂದು ಕಡೆ ನಿಂತ್ರೂ ನಾನೇ ಒಡೆದು ಹಾಕ್ತೀನಿ. ಆಮೇಲೆ ಯಾರಿಗಾದ್ರೂ ಕಲಸಿಕೊಟ್ಕೊಂಡು ಇರ್ತೀನಿ, ಮೇಸ್ತ್ರಿ ಅನ್ನೋ ಮಾತೇ ಎತ್ತಲ್ಲ."

ಟೀಚರಮ್ಮ ಅವಳ ಮುಖ ನೋಡಿ, "ಒಡೆಯೋದಿರಲಿ, ಮೊದಲು ಹಾಕು" ಅಂದರು.

ಬಚ್ಚಲಿನ ನೆಲದಲ್ಲಿ ಚಂದ ಆಮೇಲಿನ ಮಾತು. ವಾಟ ಮೊದಲು. ವಾಟ ಎಂದರೆ ನೀರು ಹರಿಯಲು ಕೊಡುವ ಇಳಿಜಾರು. ತಂಗಿ ಬಾಗಿಲಿನಿಂದ ಒಳಮೂಲೆಯಲ್ಲಿ ನೀರು ಹೋಗುವ ಜಾಲರಿಯವರೆಗೆ ದಾರ ಬಿಗಿಯುತ್ತಾಳೆ, ಅಡಿಗೆ ಕಾಲಿಂಚು ಇಳಿಯುವ ಹಾಗೆ. ಮೂರು ಸಲ ಅಳೆಯುತ್ತಾಳೆ. ದಾರಕ್ಕೆ ತಕ್ಕ ಹಾಗೆ ಗಾರೆ ಹಾಸಿ, ಕಣ್ಣು ಮುಚ್ಚಿ ಒಂದು ಕ್ಷಣ ದೇವರನ್ನು ನೆನೆದು, ಮೊದಲ ಟೈಲ್ಸ್ ಇಟ್ಟು ಸುತ್ತಿಗೆಯಿಂದ ತಟ್ಟುತ್ತಾಳೆ. ಕೂತಿತು! ಎರಡನೆಯದೂ ಕೂತಿತು. ಎದೆಯೊಳಗೆ ಯಾರೋ ಚಪ್ಪಾಳೆ ಹೊಡೆದ ಹಾಗೆ. ನಾಲ್ಕು, ಎಂಟು, ಹನ್ನೆರಡು. ಕೈಗೆ ರೆಕ್ಕೆ ಬಂದಿದೆ. ಹೊರಗೆ ಒಲೆಯ ಮುಂದಿದ್ದ ಟೀಚರಮ್ಮನಿಗೆ ಕೂಗಿ ಹೇಳುತ್ತಾಳೆ: "ಟೀಚರಮ್ಮ, ಹದಿನೆಂಟು!" ಇನ್ನೊಂದು ಸ್ವಲ್ಪ ಹೊತ್ತಿಗೆ, "ಇಪ್ಪತ್ತೆರಡು!"

ಆಮೇಲೆ ಒಳಗಿನಿಂದ ಸದ್ದಿಲ್ಲ.

ಟೀಚರಮ್ಮ ಬಂದು ನೋಡುತ್ತಾರೆ. ಬಾಗಿಲಿನಿಂದ ಆಚೆಗೆ ಇಪ್ಪತ್ತೆರಡು ಹಸಿ ಟೈಲ್ಸ್ ಕನ್ನಡಿಯಂತೆ ಹೊಳೆಯುತ್ತಿವೆ. ಅವುಗಳಾಚೆ ಒಳಮೂಲೆಯಲ್ಲಿ, ನೀರಿನ ತೊಟ್ಟಿಗೆ ಬೆನ್ನು ಕೊಟ್ಟು, ಕೊನೆಯ ಎರಡು ಟೈಲ್ಸ್ ಎದೆಗವಚಿಕೊಂಡು ತಂಗಿ ನಿಂತಿದ್ದಾಳೆ. ಆ ಎರಡು ಕೂರಬೇಕಾದ ಜಾಗದಲ್ಲೇ ಅವಳ ಕಾಲಿದೆ. ಹಸಿ ಟೈಲ್ಸ್ ತುಳಿದರೆ ಕುಸಿಯುತ್ತದೆ, ವಾಟ ಕೆಡುತ್ತದೆ.

"ಯಾಕೇ, ಏನಾಯ್ತು?"

"ಬಾಗಿಲಿನಿಂದ ಶುರು ಮಾಡ್ಬಿಟ್ಟೆ" ಎಂದು ತಂಗಿ ನಾಲಿಗೆ ಕಚ್ಚಿಕೊಳ್ಳುತ್ತಾಳೆ.

ಟೈಲ್ಸ್ ಹಾಕುವವರು ಒಳಗೋಡೆಯಿಂದ ಶುರು ಮಾಡಿ ಹಿಂದೆ ಹಿಂದೆ ಸರಿಯುತ್ತ ಬಾಗಿಲಿಗೆ ಬರುತ್ತಾರೆ. ಅದು ಅವಳಿಗೆ ಗೊತ್ತಿಲ್ಲದ್ದಲ್ಲ. ಆದರೆ ಗಾರೆ ಹಾಕುವ ಮೊದಲು ಟೈಲ್ಸನ್ನು ಸುಮ್ಮನೆ ಜೋಡಿಸಿ ನೋಡುವ ಕ್ರಮವೊಂದಿದೆ. ಕತ್ತರಿಸಿ ಹಾಕುವ ತುಂಡು ಟೈಲ್ಸ್ ಬಂದವರ ಕಣ್ಣಿಗೆ ಬೀಳದಿರಲಿ ಎಂದು ಅದನ್ನು ಬಾಗಿಲಿನಿಂದ ಒಳಕ್ಕೆ ಜೋಡಿಸುತ್ತಾರೆ. ಹದಿನಾರು ವರ್ಷ ಆ ಜೋಡಣೆ ತಂಗಿಯದೇ ಕೆಲಸ. ತಲೆಗೆ ಗೊತ್ತಿದ್ದದ್ದು ಕೈಗೆ ಗೊತ್ತಿರಲಿಲ್ಲ. ಕೈ ತನ್ನ ರೂಢಿಯ ದಾರಿಯಲ್ಲೇ ಹೋಗಿಬಿಟ್ಟಿತು.

"ಅಲ್ಲ ಕಣೇ, ನಾಳೆವರೆಗೂ ಅಲ್ಲೇ ನಿಂತಿರ್ತೀಯಾ?"

"ಒಂದು ಲೋಟ ಕಾಫಿ ಎಸೆದ್ರೆ ನಿಂತಿರ್ತೀನಿ."

ಇಬ್ಬರಿಗೂ ನಗು ತಡೆಯುವುದಿಲ್ಲ. ಟೀಚರಮ್ಮ ಬಾಗಿಲ ಚೌಕಟ್ಟು ಹಿಡಿದುಕೊಂಡು ನಗುತ್ತಾರೆ. ತಂಗಿ ನಗುತ್ತ ನಗುತ್ತಲೇ ಕಣ್ಣೊರೆಸಿಕೊಳ್ಳುತ್ತಾಳೆ. ಎರಡು ವಾರದಲ್ಲಿ ಇದೇ ಮೊದಲ ನಗು ಎಂದು ಆಮೇಲೆ ಹೇಳಿದಳು.

"ಹಲಗೆ ಇದ್ಯಾ ಟೀಚರಮ್ಮ? ಉದ್ದದ್ದು?"

ಹಲಗೆ ಸಿಗುವುದು ಆಸ್ಪತ್ರೆಯಲ್ಲಿರುವ ಅಜ್ಜಿಯ ಮಂಚದಲ್ಲಿ. ಹಾಸಿಗೆ ಎತ್ತಿ, ಮಂಚದ ನಡುವಿನ ಹಲಗೆಯನ್ನೇ ಎಳೆದು ತರುತ್ತಾರೆ ಟೀಚರಮ್ಮ. "ನಮ್ಮತ್ತೆಗೆ ಗೊತ್ತಾದ್ರೆ ನನ್ನ ಸೊಂಟ ಮುರೀತಾರೆ!" ಹೊಸ್ತಿಲಿನಿಂದ ತೊಟ್ಟಿಯ ಅಂಚಿಗೆ ಹಲಗೆ ಸೇತುವೆಯಾಗುತ್ತದೆ. ತಂಗಿ ಅದರ ಮೇಲೆ ಹೊಟ್ಟೆ ಅಡಿಯಾಗಿ ಮಲಗಿ, ತಲೆ ಕೆಳಗೆ ಮಾಡಿ, ತನ್ನ ಹೆಜ್ಜೆಗುರುತನ್ನು ಕರಣೆಯಿಂದ ಸವರಿ ಉಳಿದೆರಡನ್ನೂ ಕೂರಿಸುತ್ತಾಳೆ. ಕೊನೆಯದು ಜಾಲರಿಯ ಪಕ್ಕದ್ದು. ಅದು ಕೂದಲೆಳೆಯಷ್ಟು ಎತ್ತರವಾದರೂ ನೀರು ನಿಲ್ಲುತ್ತದೆ. ಕೆಳಗಿಂದ ಶುರು ಮಾಡಿದ್ದರೆ ಜಾಲರಿಯ ಮಟ್ಟ ಮೊದಲೇ ಸಿಗುತ್ತಿತ್ತು. ಮೇಲಿನಿಂದ ಇಳಿದು ಬಂದವಳಿಗೆ ದಾರದ ಮೇಲೆ ಇಟ್ಟ ನಂಬಿಕೆಯೊಂದೇ ಗತಿ. ಬೆರಳಾಡಿಸಿ ನೋಡುತ್ತಾಳೆ. ಸರಿಯಿದೆ ಎನ್ನುತ್ತದೆ ಬೆರಳು. ಬೆರಳಿನ ಮಾತಿಗೆ ನೀರು ಒಪ್ಪಬೇಕಲ್ಲ!

ಶುಕ್ರವಾರ ಸಂದುಗಳಿಗೆ ಬಿಳಿ ಸಿಮೆಂಟು ತುಂಬುತ್ತಾಳೆ.

ಶನಿವಾರ ಬೆಳಗ್ಗೆ ಏಳು ಗಂಟೆ. ತಂಗಿ ಹೊಸ್ತಿಲಲ್ಲಿ ಬಕೆಟ್ ಹಿಡಿದು ನಿಂತಿದ್ದಾಳೆ. ಸುರಿಯುವುದಿಲ್ಲ.

"ಸುರಿಯೇ!"

"ನೀವೇ ಸುರೀರಿ ಟೀಚರಮ್ಮ."

"ಹಾಕಿದ್ದು ನೀನು, ಸುರಿಯೋಳೂ ನೀನೇ."

ಸುರಿಯುತ್ತಾಳೆ. ನೀರು ಅಗಲವಾಗಿ ಹರಡಿ, ನೆಲದ ನಡುವೆ ಒಂದು ಗಳಿಗೆ ಯೋಚಿಸಿದಂತೆ ನಿಲ್ಲುತ್ತದೆ. ಆಮೇಲೆ ನೀರೆಲ್ಲ ಒಟ್ಟಾಗಿ, ಶಾಲೆ ಬಿಟ್ಟ ಮಕ್ಕಳ ಹಾಗೆ, ಜಾಲರಿಯತ್ತ ಓಡುತ್ತದೆ. ಗಳಗಳ ಸದ್ದು. ತಂಗಿ ಮಂಡಿಯೂರಿ, ಕೆನ್ನೆಯನ್ನು ನೆಲಕ್ಕೆ ತಾಗಿಸಿ, ಬೆಳಕಿಗೆ ಅಡ್ಡಲಾಗಿ ಒಂದೊಂದು ಟೈಲ್ಸನ್ನೂ ನೋಡುತ್ತಾಳೆ. ಎಲ್ಲೂ ನೀರು ನಿಂತಿಲ್ಲ. "ಹೋಯ್ತು! ಎಲ್ಲಾ ಹೋಯ್ತು!" ಎಂದು ಅವಳು ಕೂಗಿದ್ದಕ್ಕೆ ಪಕ್ಕದ ಮನೆಯವರು ಏನು ಕಳುವಾಯಿತೋ ಎಂದು ಓಡಿ ಬರುತ್ತಾರೆ.

ಹತ್ತು ಗಂಟೆಗೆ ಅಜ್ಜಿ ನಾಲ್ಕು ಕಾಲಿನ ಊರುಗೋಲು ಊರಿಕೊಂಡು ಬಂದವರೇ ಮೊದಲು ಬಚ್ಚಲನ್ನೇ ನೋಡಬೇಕು ಎನ್ನುತ್ತಾರೆ. ಎಡಗಾಲನ್ನು ಮೆಲ್ಲಗೆ ಇಟ್ಟು, ಒತ್ತಿ, ಉಜ್ಜಿ ನೋಡುತ್ತಾರೆ. "ಜಾರಲ್ಲ. ಯಾವ ಮೇಸ್ತ್ರಿ ಹಾಕಿದ್ದು?"

ಟೀಚರಮ್ಮ ತಂಗಿಯ ಕಡೆ ಕೈ ತೋರಿಸುತ್ತಾರೆ.

"ಓ, ನೀನಾ? ಹಾಗಾದ್ರೆ ಅಡುಗೆಮನೇದೂ ನೀನೇ ಹಾಕು ಮೇಸ್ತ್ರಿ."

ಅಡುಗೆಮನೆ ಹತ್ತಡಿಗೆ ಎಂಟಡಿ, ಎಂಬತ್ತು ಟೈಲ್ಸ್. ಸೋಮವಾರವೇ ಶುರು, ಈ ಸಲ ಒಳಗೋಡೆಯಿಂದ. ಮುಂದಿನ ಆಸೆ ಏನು ಎಂದು ಕೇಳಿದರೆ ತಂಗಿಗೆ ದೊಡ್ಡ ಮಾತು ಬರುವುದಿಲ್ಲ. "ಅತ್ತಿಗೇನ ಕರ್ಕೊಂಡು ಬಂದು ಈ ನೀರು ಹೋಗೋದು ತೋರಿಸ್ಬೇಕು, ಅಷ್ಟೇ" ಎನ್ನುತ್ತಾಳೆ. ಆಮೇಲೆ ಒದ್ದೆ ನೆಲವನ್ನೇ ನೋಡುತ್ತ, ಕೈ ಮುಗಿದು, ಯಾರಿಗೂ ಕೇಳಿಸದಷ್ಟು ಮೆಲ್ಲಗೆ ಬೇಡಿಕೊಳ್ಳುತ್ತಾಳೆ.

"ದೇವರೇ, ಊರವರ ಮನೆಗಳಲ್ಲೆಲ್ಲ ಮಂಡಿ ಸವೆಸಿದವನು ನಮ್ಮಣ್ಣ. ಇನ್ನಾದ್ರೂ ಅವನು ಕಾಲು ಚಾಚಿಕೊಂಡು ಕೂತ್ಕೊಳ್ಳಲಿ. ನಿನ್ನ ಹತ್ತಿರ ಅವನಿಗೆ ನೆಮ್ಮದಿ ಸಿಗಲಿ."